ಗೆರೆಯ ದಪ್ಪದಲ್ಲಿ ನೀರಿನ ಲೆಕ್ಕ

ಹುಬ್ಬಳ್ಳಿ ಮತ್ತು ಧಾರವಾಡಗಳ ನಡುವಿನ ಉಣಕಲ್ ಇಂದು ಬರಿಯ ಊರಲ್ಲ, ಹಲವು ಹರಿವುಗಳು ಹಾದುಹೋಗುವ ತಾಣ. ಕೆರೆಯ ಮಗ್ಗುಲಲ್ಲಿಯೇ ಹೆದ್ದಾರಿ ಸಾಗುತ್ತದೆ. 2018ರಿಂದ ಆ ದಾರಿಯ ನಡುವಿನ ಪ್ರತ್ಯೇಕ ಪಥದಲ್ಲಿ ಚಿಗರಿ ಬಸ್ಸುಗಳು ಜನರನ್ನು ಹೊತ್ತು ಓಡಾಡುತ್ತಿವೆ. ಒಂದು ಕಾಲಕ್ಕೆ ಹುಬ್ಬಳ್ಳಿಗೆ ಕುಡಿಯುವ ನೀರು ಕೊಟ್ಟ ಈ ಕೆರೆಯಲ್ಲಿ ಅಂತರಗಂಗೆ ಹಬ್ಬಿದ್ದನ್ನು ನಾವೆಲ್ಲ ಕಂಡಿದ್ದೇವೆ. ಅವಳಿನಗರದ ನೀರು ಈಗ ಬಹುಪಾಲು ಮಲಪ್ರಭೆಯಿಂದ ಕೊಳವೆಗಳಲ್ಲಿ ಬರುತ್ತದೆ. ಕೆರೆಯಿಂದ ಹೊರಡುವ ಉಣಕಲ್ ನಾಲಾ ನಗರದ ಹೊಲಸನ್ನು ಕೂಡಿಸಿಕೊಳ್ಳುತ್ತ ಮುಂದೆ ಸಾಗುತ್ತದೆ.

ಇವನ್ನೆಲ್ಲ ನಮ್ಮ ನಕ್ಷೆಗಳು ತೋರಿಸುತ್ತವೆ ನಿಜ. ಆದರೆ ನದಿಗೊಂದು ನೀಲಿ ಗೆರೆ, ರಸ್ತೆಗೊಂದು ಕೆಂಪು ಗೆರೆ, ಕಾಲುವೆಗೊಂದು ತೆಳು ಗೆರೆ, ಇಷ್ಟೇ. ಆ ಗೆರೆಯಗುಂಟ ಎಷ್ಟು ನೀರು, ಎಷ್ಟು ಜನ, ಎಷ್ಟು ಸರಕು ಚಲಿಸುತ್ತದೆಂಬುದು ಅದರಲ್ಲಿ ಕಾಣದು. ದಾರಿಯನ್ನು ಹೇಳಿ ಪ್ರಮಾಣವನ್ನು ಮರೆಸುವ ಇಂಥ ನಕ್ಷೆಗಳನ್ನು ಮುಂದಿಟ್ಟುಕೊಂಡೇ ನಮ್ಮ ನದಿಗಳ ಭವಿಷ್ಯ ತೀರ್ಮಾನವಾಗುತ್ತಿದೆ. ಆದ್ದರಿಂದಲೇ ಈ ಸಂಚಿಕೆಯಲ್ಲಿ ಹರಿವಿನ ನಕ್ಷೆಯ ವಿಚಾರವನ್ನು ಓದುಗರ ಮುಂದಿಡಬೇಕೆನಿಸಿದೆ.

ಹರಿವಿನ ನಕ್ಷೆಯ ತತ್ತ್ವ ಸರಳವಾದುದು. ಚಲಿಸುವ ವಸ್ತುವಿನ ಪ್ರಮಾಣಕ್ಕೆ ತಕ್ಕಂತೆ ಗೆರೆಯ ದಪ್ಪವಿರಬೇಕು. ಎರಡು ಪಟ್ಟು ಹರಿವಿಗೆ ಎರಡು ಪಟ್ಟು ದಪ್ಪ, ಕವಲೊಡೆದಲ್ಲಿ ದಪ್ಪವೂ ಹಂಚಿಕೆಯಾಗಬೇಕು. 1837ರಲ್ಲಿ ಐರ್ಲೆಂಡಿನ ರೈಲುಮಾರ್ಗಗಳ ಆಯೋಗಕ್ಕಾಗಿ ಹೆನ್ರಿ ಹಾರ್ನೆಸ್ ಎಂಬ ಅಧಿಕಾರಿ ಈ ಬಗೆಯಲ್ಲಿ ಪ್ರಯಾಣಿಕರ ಮತ್ತು ಸರಕಿನ ಓಡಾಟವನ್ನು ಚಿತ್ರಿಸಿದರು. ಫ್ರಾನ್ಸಿನ ಇಂಜಿನಿಯರ್ ಷಾರ್ಲ್ ಮಿನಾರ್ 1869ರಲ್ಲಿ ನೆಪೋಲಿಯನ್ನನ ರಷ್ಯಾ ದಂಡಯಾತ್ರೆಯ ನಕ್ಷೆ ರಚಿಸಿ ಈ ಕಲೆಯನ್ನು ಲೋಕಪ್ರಸಿದ್ಧಗೊಳಿಸಿದರು. 1812ರಲ್ಲಿ ಗಡಿ ದಾಟಿದ 4,22,000 ಸೈನಿಕರಲ್ಲಿ ಮರಳಿದವರು 10,000. ಹತ್ತು ಸಾವಿರ ಜನರಿಗೆ ಒಂದು ಮಿಲಿಮೀಟರಿನಂತೆ ಹೊರಟ ಪಟ್ಟಿ ಕೊನೆಗೆ ಎಳೆಯಷ್ಟೇ ಉಳಿಯುತ್ತದೆ. ಯುದ್ಧದ ಕುರಿತು ಆ ನಕ್ಷೆಗೆ ಬೇರೆ ವಿವರಣೆ ಬೇಕಿಲ್ಲ.

ಮಿನಾರರ ಇನ್ನೊಂದು ಕೃತಿ ನಮಗೆ ಹೆಚ್ಚು ಹತ್ತಿರದ್ದು. 1866ರಲ್ಲಿ ಅವರು 1858, 1864 ಮತ್ತು 1865ರಲ್ಲಿ ಯುರೋಪಿಗೆ ಬಂದಿಳಿದ ಹತ್ತಿಯ ನಕ್ಷೆಗಳನ್ನು ಪ್ರಕಟಿಸಿದರು. ಮೊದಲನೆಯದರಲ್ಲಿ ಅಮೆರಿಕದಿಂದ ಬರುವ ಪಟ್ಟಿ ಹೆದ್ದೊರೆಯಂತಿದೆ. ಅಲ್ಲಿ 1861ರಲ್ಲಿ ಅಂತರ್ಯುದ್ಧ ಆರಂಭವಾದ ಮೇಲೆ ಆ ಪಟ್ಟಿ ಬತ್ತಿ, ಭಾರತದಿಂದ ಹೊರಟ ಪಟ್ಟಿ ಉಬ್ಬುತ್ತದೆ. ಆ ಉಬ್ಬಿನಲ್ಲಿ ಧಾರವಾಡ ಸೀಮೆಯ ಪಾಲೂ ಇತ್ತು. ಬಯಲಿನ ಎರೆಭೂಮಿಯಲ್ಲಿ ಬೆಳೆದ ಹತ್ತಿ ಘಟ್ಟವಿಳಿದು ಕುಮಟೆಯ ಬಂದರು ಸೇರಿ ಮುಂಬಯಿಗೆ ಹೋಗುತ್ತಿತ್ತು. ಕುಮಟೆಯಲ್ಲಿ ಬೆಳೆಯದ ಹತ್ತಿಗೆ ಮಾರುಕಟ್ಟೆಯಲ್ಲಿ ‘ಕುಮಟಾ ಹತ್ತಿ’ ಎಂಬ ಹೆಸರು ನಿಂತದ್ದು ಹೀಗೆ. 1862ರಲ್ಲಿ ಉತ್ತರ ಕನ್ನಡವನ್ನು ಮದ್ರಾಸಿನಿಂದ ಬೇರ್ಪಡಿಸಿ ಮುಂಬಯಿ ಪ್ರಾಂತಕ್ಕೆ ಸೇರಿಸಿದ್ದರ ಹಿಂದೆಯೂ ಹತ್ತಿಯ ಹಿತಾಸಕ್ತಿಯಿತ್ತು. ಹರಿವು ದಪ್ಪಗಾದಲ್ಲೆಲ್ಲ ಘಟ್ಟ ಕಡಿದು ರಸ್ತೆ ಬರುತ್ತದೆ, ಗಡಿಗಳೂ ಕದಲುತ್ತವೆ. ಮಲೆನಾಡಿಗರಾದ ನಾವು ಹರಿವಿನ ಲೆಕ್ಕ ಕಲಿಯಬೇಕಾದ ಕಾರಣ ಇಲ್ಲಿದೆ.

ಇನ್ನು ನೀರಿನ ಮಾತು. ಅವಳಿನಗರವಿರುವುದು ಮಳೆನೀರು ಇಬ್ಭಾಗವಾಗುವ ದಿಣ್ಣೆಯ ಮೇಲೆ. ಧಾರವಾಡದ ಸೋಮೇಶ್ವರದ ಬಳಿ ಹುಟ್ಟುವ ಶಾಲ್ಮಲೆ ಬೇಡ್ತಿಯ ಹರಿವಿಗೆ ಸೇರಿ, ಮಾಗೋಡಿನಲ್ಲಿ ಧುಮುಕಿ, ಗಂಗಾವಳಿಯೆಂಬ ಹೆಸರಿನಲ್ಲಿ ಅರಬ್ಬೀ ಸಮುದ್ರಕ್ಕೆ ಇಳಿಯುತ್ತದೆ. ಪೂರ್ವದ ಇಳಿಜಾರಿನ ತುಪ್ಪರಿಹಳ್ಳ, ಬೆಣ್ಣಿಹಳ್ಳಗಳು ಮಲಪ್ರಭೆಗೆ ಸೇರಿ ಕೃಷ್ಣೆಯ ಮೂಲಕ ಬಂಗಾಳ ಕೊಲ್ಲಿಗೆ ಹೋಗುತ್ತವೆ. ಈ ದಿಣ್ಣೆಯನ್ನು ದಾಟಿಸಿ ಪಶ್ಚಿಮದ ನೀರನ್ನು ಪೂರ್ವಕ್ಕೆ ತರಬೇಕೆಂಬುದೇ ಕಳಸಾ-ಬಂಡೂರಿಯ ಬೇಡಿಕೆ, ಬೇಡ್ತಿ-ವರದಾ ಜೋಡಣೆಯ ಪ್ರಸ್ತಾವ.

ಒಂದು ಟಿ.ಎಂ.ಸಿ. ಎಂದರೆ ನೂರು ಕೋಟಿ ಘನ ಅಡಿ ನೀರು. ಒಂದು ಟಿ.ಎಂ.ಸಿ.ಗೆ ಒಂದು ಮಿಲಿಮೀಟರ್ ಎಂಬ ಅಳತೆ ಇಟ್ಟುಕೊಂಡು ಮಹದಾಯಿಯನ್ನು ಬರೆದು ನೋಡೋಣ. ನಾಲ್ಕರಲ್ಲಿ ಮೂರು ವರ್ಷ ಭರವಸೆಯಿಂದ ದೊರೆಯುವ ನೀರು 188.06 ಟಿ.ಎಂ.ಸಿ. ಎಂದು ನ್ಯಾಯಮಂಡಳಿ 2018ರ ಆಗಸ್ಟ್ 14ರ ತೀರ್ಪಿನಲ್ಲಿ ನಿರ್ಣಯಿಸಿತು. ಅಂದರೆ ಸುಮಾರು ಹತ್ತೊಂಬತ್ತು ಸೆಂಟಿಮೀಟರ್ ದಪ್ಪದ ಪಟ್ಟಿ. ಕರ್ನಾಟಕದ ಪಾಲು 13.42 ಟಿ.ಎಂ.ಸಿ. ಎಂದು ಪತ್ರಿಕೆಗಳು ಬರೆದವು. ಆದರೆ ಅದರಲ್ಲಿ 8.02 ವಿದ್ಯುತ್ತಿಗಾಗಿ ಬಳಸಿ ನದಿಗೇ ಮರಳಿಸಬೇಕಾದ ನೀರು. ಕೊಳ್ಳದೊಳಗಿನ ಬಳಕೆಗೆ 1.50. ಮಲಪ್ರಭೆಗೆ ತಿರುಗಿಸಲು ಕಳಸಾದಿಂದ 1.72, ಬಂಡೂರಿಯಿಂದ 2.18, ಒಟ್ಟು 3.90. ಗೆರೆ ಎಳೆದರೆ ನಾಲ್ಕು ಮಿಲಿಮೀಟರ್.

ಇದನ್ನು ಕಂಡು, ಹತ್ತೊಂಬತ್ತು ಸೆಂಟಿಮೀಟರಿನಲ್ಲಿ ನಾಲ್ಕು ಮಿಲಿಮೀಟರ್ ಯಾವ ಲೆಕ್ಕ ಎಂದು ಕೇಳಬಹುದು. ಇಡೀ ಮಹದಾಯಿಯೇ ಬತ್ತಿಹೋಗುತ್ತದೆ ಎಂಬ ಮಾತಿಗೆ ಆ ಪ್ರಶ್ನೆ ಸರಿಯಾದ ಉತ್ತರವೇ. ಆದರೆ ಹರಿವಿನ ನಕ್ಷೆ ಅಲ್ಲಿಗೆ ನಿಲ್ಲಲು ಬಿಡುವುದಿಲ್ಲ. 188 ಟಿ.ಎಂ.ಸಿ. ಎಂಬುದು ಉಪನದಿಗಳೆಲ್ಲ ಕೂಡಿದ ಇಡೀ ಕೊಳ್ಳದ ಮೊತ್ತ. ನೀರನ್ನು ತಿರುಗಿಸುವುದು ಮೂಲದ ಹಳ್ಳಗಳಲ್ಲಿ. ಅಲ್ಲಿ ನದಿಯ ಗೆರೆಯೇ ತೆಳುವಾಗಿರುತ್ತದೆ, ಆ ತೆಳು ಗೆರೆಯಿಂದ ನಾಲ್ಕು ಮಿಲಿಮೀಟರ್ ಕಡಿದರೆ ಕೆಳಗಿನ ಕಣಿವೆಗೆ ಎಷ್ಟು ಉಳಿಯಿತೆಂಬುದೇ ನಿಜವಾದ ಪ್ರಶ್ನೆ. ನದಿಯ ದಪ್ಪವನ್ನು ಅಳೆಯಬೇಕಾದುದು ಕೊಯ್ಯುವ ಜಾಗದಲ್ಲಿ, ಸಮುದ್ರದ ಬಾಯಲ್ಲಲ್ಲ. ಎರಡೂ ಕಡೆಯ ಆವೇಶಗಳನ್ನು ಇಷ್ಟು ಸಮನಾಗಿ ಪ್ರಶ್ನಿಸುವ ಸಾಧನ ಮತ್ತೊಂದಿಲ್ಲ.

ಇತ್ತ ನವಿಲುತೀರ್ಥದ ರೇಣುಕಾಸಾಗರದ ಸಾಮರ್ಥ್ಯ 37.73 ಟಿ.ಎಂ.ಸಿ. ಅದು ತುಂಬದೆ ಉಳಿದ ವರ್ಷಗಳು ಹಲವು. ಸಾಮರ್ಥ್ಯವೆಂಬುದು ಪಾತ್ರೆಯ ಅಳತೆ, ಹರಿವಿನದಲ್ಲ. ನರಗುಂದ, ನವಲಗುಂದಗಳ ರೈತರ ಸಂಕಟ ಹುಟ್ಟಿದ್ದು ಈ ಎರಡರ ನಡುವಿನ ಅಂತರದಲ್ಲಿ. ಅವರ ಬಾಯಾರಿಕೆ ಸುಳ್ಳಲ್ಲ. ಮಲೆನಾಡಿನ ಪರವಾಗಿ ಮಾತನಾಡುವವರು ಬಯಲಿನ ಬಾಯಾರಿಕೆಯನ್ನು ಅಲ್ಲಗಳೆದರೆ ನಮ್ಮ ಮಾತಿಗೆ ಬೆಲೆ ಉಳಿಯದು.

ನಗರದ ಲೆಕ್ಕವನ್ನೂ ಹಾಕೋಣ. 2011ರ ಜನಗಣತಿಯಂತೆ ಅವಳಿನಗರದ ಜನಸಂಖ್ಯೆ ಸುಮಾರು 9.44 ಲಕ್ಷ. ಒಳಚರಂಡಿಯಿರುವ ನಗರಗಳಿಗೆ ತಲಾ ದಿನಕ್ಕೆ 135 ಲೀಟರ್ ಎಂಬ ಮಾನದಂಡ ಹಿಡಿದರೆ ವರ್ಷಕ್ಕೆ ಸುಮಾರು 1.6 ಟಿ.ಎಂ.ಸಿ. ಆಗುತ್ತದೆ. ಜನಸಂಖ್ಯೆ ಇಂದು ಹೆಚ್ಚಿದೆ, ಕೈಗಾರಿಕೆ ಮತ್ತು ಸೋರಿಕೆಗಳನ್ನು ಪ್ರತ್ಯೇಕವಾಗಿ ಕೂಡಿಸಬೇಕು. ಆದರೂ ಗೆರೆಯ ಗಾತ್ರದ ಅಂದಾಜು ಸಿಕ್ಕಿತು. ಬಳಸಿದ ನೀರಿನ ನೂರಕ್ಕೆ ಎಂಬತ್ತು ಭಾಗ ಚರಂಡಿಗೆ ಸೇರುತ್ತದೆಂಬುದು ಇಂಜಿನಿಯರರ ರೂಢಿಯ ಲೆಕ್ಕ. ಹಾಗಾದರೆ ನಗರದಿಂದ ಹೊರಹೋಗುವ ಗೆರೆ 1.3 ಮಿಲಿಮೀಟರ್. ನಗರಕ್ಕೆ ಬರುವ ಗೆರೆಯನ್ನು ಎಲ್ಲ ಯೋಜನೆಗಳೂ ಬರೆಯುತ್ತವೆ, ಹೊರಹೋಗುವ ಗೆರೆ ಅದೇ ಹಾಳೆಯಲ್ಲಿ ಕಾಣುವುದು ವಿರಳ. ಬಿಡನಾಳ, ಗಬ್ಬೂರುಗಳ ಹೊಲಗಳಲ್ಲಿ ರೈತರು ಈ ಹೊಲಸು ನೀರಿನಿಂದಲೇ ಕಾಯಿಪಲ್ಲೆ ಬೆಳೆದುದನ್ನು ಸಂಶೋಧಕರು ದಾಖಲಿಸಿದ್ದಾರೆ. ಶುದ್ಧಗೊಳಿಸಿದರೆ ಅದು ಬಯಲಿಗೆ ಒದಗುವ ನಿಜವಾದ ನೀರು. ದೂರದ ಘಟ್ಟದಿಂದ ನಾಲ್ಕು ಮಿಲಿಮೀಟರ್ ತರುವ ಮೊದಲು ಊರಂಚಿನ ಈ ಗೆರೆ ಲೆಕ್ಕಕ್ಕೆ ಬರಬೇಡವೇ?

ಬೇಡ್ತಿಯ ವಿಷಯದಲ್ಲಿ ಇದೇ ಎಚ್ಚರ ಇನ್ನೂ ಅಗತ್ಯ. ವರದಾ ಜೋಡಣೆಯ ಮೊದಲಿನ ಪ್ರಸ್ತಾವದಲ್ಲಿ ಪಟ್ಟಣದಹಳ್ಳ ಮತ್ತು ಶಾಲ್ಮಲಾಹಳ್ಳಗಳಿಂದ ವರ್ಷಕ್ಕೆ 24.2 ಕೋಟಿ ಘನ ಮೀಟರ್, ಅಂದರೆ ಸುಮಾರು 8.5 ಟಿ.ಎಂ.ಸಿ. ತಿರುಗಿಸುವ ಮಾತಿತ್ತು. ಈ ಶಾಲ್ಮಲೆ ಶಿರಸಿ ಸೀಮೆಯ ಸಹಸ್ರಲಿಂಗದ ಹೊಳೆ, ಧಾರವಾಡದ್ದಲ್ಲ. ಮುಂದಿನ ವರದಿಯಲ್ಲಿ ಸುರೇಮನೆಯ ಬಳಿಯ ಬೇಡ್ತಿಯ ನೀರೂ ಸೇರಿ ಪ್ರಮಾಣ 52.4 ಕೋಟಿ ಘನ ಮೀಟರಿಗೆ, ಸುಮಾರು 18.5 ಟಿ.ಎಂ.ಸಿ.ಗೆ ಏರಿತು. ಸಾಮಾನ್ಯ ನಕ್ಷೆಯಲ್ಲಿ ಮೊದಲನೆಯದಕ್ಕೂ ಎರಡನೆಯದಕ್ಕೂ ಒಂದೇ ಬಗೆಯ ಬಾಣದ ಗುರುತು. ಹರಿವಿನ ನಕ್ಷೆಯಲ್ಲಿ ಬಾಣದ ದಪ್ಪ ಇಮ್ಮಡಿಗೂ ಮೀರಿದ್ದು ಶಾಲೆಯ ಮಗುವಿಗೂ ಗೊತ್ತಾಗುತ್ತದೆ.

ಹಾಗೆಂದು ಹರಿವಿನ ನಕ್ಷೆ ಸತ್ಯವನ್ನೇ ನುಡಿಯುತ್ತದೆಂದು ನಂಬಬೇಕಾಗಿಲ್ಲ. ಅದು ಸುಳ್ಳಾಡುವ ಬಗೆಗಳೂ ಇವೆ. ಮೊದಲನೆಯದು ವಾರ್ಷಿಕ ಮೊತ್ತದ ಸುಳ್ಳು. ಜೂನ್‌ನಿಂದ ಸೆಪ್ಟೆಂಬರಿನವರೆಗೆ ಉಕ್ಕುವ ಹೊಳೆ ಏಪ್ರಿಲ್‌ನಲ್ಲಿ ಕಲ್ಲುಗಳ ನಡುವೆ ಜಿನುಗುತ್ತದೆ. ಅಡಿಕೆ ತೋಟವನ್ನು ಬದುಕಿಸುವುದು, ಅಳಿವೆಯಲ್ಲಿ ಉಪ್ಪುನೀರನ್ನು ತಡೆಯುವುದು ಆ ಬೇಸಿಗೆಯ ಎಳೆ. ವರ್ಷಕ್ಕೊಂದೇ ಗೆರೆ ಎಳೆದರೆ ಅದು ಮಳೆಗಾಲದ ದಪ್ಪದಲ್ಲಿ ಮುಚ್ಚಿಹೋಗುತ್ತದೆ. ಆದ್ದರಿಂದ ತಿಂಗಳಿಗೊಂದು ನಕ್ಷೆ ಬೇಕು. ಎರಡನೆಯದು ನಿರೀಕ್ಷೆಯನ್ನು ವಾಸ್ತವವೆಂಬಂತೆ ಬರೆಯುವುದು. ಹುಬ್ಬಳ್ಳಿ-ಅಂಕೋಲಾ ರೈಲುಮಾರ್ಗದ ಸಮರ್ಥನೆಯಲ್ಲಿ ಬಳ್ಳಾರಿಯ ಕಬ್ಬಿಣದ ಅದಿರು ದಪ್ಪ ಗೆರೆಯಾಗಿತ್ತು. 2010ರ ಜುಲೈಯಲ್ಲಿ ರಾಜ್ಯ ಸರ್ಕಾರ ಬಂದರುಗಳಿಂದ ಅದಿರಿನ ರಫ್ತನ್ನು ನಿಷೇಧಿಸಿತು. 2011ರಲ್ಲಿ ಸರ್ವೋಚ್ಚ ನ್ಯಾಯಾಲಯ ಬಳ್ಳಾರಿಯ ಗಣಿಗಾರಿಕೆಯನ್ನೇ ತಡೆಯಿತು. ರಫ್ತಿಗೆ ನ್ಯಾಯಾಲಯದ ಅನುಮತಿ ಮತ್ತೆ ಸಿಕ್ಕಿದ್ದು 2022ರಲ್ಲಿ. ಇನ್ನೂ ಹರಿಯದ ಸರಕನ್ನು ಚುಕ್ಕಿಗೆರೆಯಲ್ಲಿ ಬರೆಯುವುದೇ ಧರ್ಮ. ಮೂರನೆಯದು ಅಳತೆ ಬದಲಿಸುವ ಚಾತುರ್ಯ. ತರುವ ನೀರಿಗೊಂದು ಅಳತೆ, ಕಳೆದುಕೊಳ್ಳುವ ನೀರಿಗೊಂದು ಅಳತೆ ಬಳಸಿದರೆ ಕಣ್ಣು ಮೋಸಹೋಗುತ್ತದೆ. ನಕ್ಷೆ ಕಂಡೊಡನೆ ಮೊದಲು ಮೂಲೆಯ ಅಳತೆಪಟ್ಟಿಯನ್ನು ನೋಡಬೇಕು.

ನಮ್ಮ ಹಳ್ಳಗಳನ್ನು ಅಳೆಯಲು ಇಲಾಖೆಯೇ ಬರಬೇಕೆಂದಿಲ್ಲ. ನೇರವಾಗಿ ಹರಿಯುವ ಹತ್ತು ಮೀಟರ್ ಜಾಗ ಗುರುತಿಸಿ, ಅಗಲ ಮತ್ತು ಸರಾಸರಿ ಆಳ ಅಳೆದು, ತೇಲುವ ಕಾಯೊಂದನ್ನು ಬಿಟ್ಟು ಅದು ಸಾಗುವ ಸಮಯ ನೋಡಬೇಕು. ತಳದ ನೀರು ಮೇಲಿನದಕ್ಕಿಂತ ನಿಧಾನವಾದ್ದರಿಂದ ಸಿಕ್ಕ ವೇಗವನ್ನು 0.8ರಿಂದ ಗುಣಿಸಬೇಕು. ಎರಡು ಮೀಟರ್ ಅಗಲ, ಕಾಲು ಮೀಟರ್ ಆಳದ ಹಳ್ಳದಲ್ಲಿ ಕಾಯಿ ಸೆಕೆಂಡಿಗೆ 0.4 ಮೀಟರ್ ಸಾಗಿದರೆ ಹರಿವು ಸೆಕೆಂಡಿಗೆ 160 ಲೀಟರ್. ಹತ್ತು ಲೀಟರಿಗೆ ಒಂದು ಮಿಲಿಮೀಟರ್ ಎಂದರೆ ಹದಿನಾರು ಮಿಲಿಮೀಟರಿನ ಗೆರೆ. ತಿಂಗಳಿಗೊಮ್ಮೆ ಅದೇ ಜಾಗದಲ್ಲಿ ಅಳೆದರೆ ವರ್ಷದಲ್ಲಿ ಹನ್ನೆರಡು ಗೆರೆಗಳು. ಉಣಕಲ್ಲಿನ ವಿದ್ಯಾರ್ಥಿಗಳು ಹೊಲಸು ನೀರಿಗೆ ಇಳಿಯದೆ, ಸೇತುವೆಗಳ ಮೇಲಿನಿಂದ ಹಿರಿಯರ ಜೊತೆಯಲ್ಲಿ ನಾಲಾವನ್ನು ಹೀಗೆ ಅಳೆಯಲಿ. ಯಲ್ಲಾಪುರ, ಶಿರಸಿಯವರು ತಮ್ಮ ಹೊಳೆಗಳನ್ನು ಅಳೆಯಲಿ. ಎರಡೂ ಒಂದೇ ಹಾಳೆಯಲ್ಲಿ ಕೂಡಲಿ.

1981ರಲ್ಲಿ ಶಿರಸಿಯಲ್ಲಿ ರೈತರೂ ವಿಜ್ಞಾನಿಗಳೂ ಒಟ್ಟಿಗೆ ಕುಳಿತು ಬೇಡ್ತಿ ಜಲವಿದ್ಯುತ್ ಯೋಜನೆಯ ಲಾಭನಷ್ಟಗಳನ್ನು ತೂಗಿ ನೋಡಿದರು. ಘೋಷಣೆಗೆ ಮಣಿಯದವರು ಲೆಕ್ಕಕ್ಕೆ ಕಿವಿಗೊಟ್ಟರು, ಆ ಯೋಜನೆ ಮುಂದುವರಿಯಲಿಲ್ಲ. ಇಂದು ನಮ್ಮ ಬೇಡಿಕೆಯೂ ಸ್ಪಷ್ಟವಾಗಿರಲಿ. ನೀರು ತಿರುಗಿಸುವ ಪ್ರತಿಯೊಂದು ಯೋಜನೆಯ ಹರಿವಿನ ನಕ್ಷೆ, ಕೊಯ್ಯುವ ಜಾಗದ ದಪ್ಪ, ತಿಂಗಳುವಾರು ಗೆರೆ ಮತ್ತು ನಗರದಿಂದ ಹೊರಬೀಳುವ ನೀರಿನ ಲೆಕ್ಕದ ಸಹಿತ, ಕನ್ನಡದಲ್ಲಿ ಗ್ರಾಮಸಭೆಯ ಮುಂದೆ ಬರಬೇಕು. ಅದು ಬರುವವರೆಗೆ ಕೈಕಟ್ಟಿ ಕೂರುವುದು ಬೇಡ. ಈ ಬೇಸಿಗೆಯಲ್ಲಿಯೇ ಅಳೆಯಲು ತೊಡಗೋಣ. ನಿಮ್ಮೂರಿನ ಹಳ್ಳದ ಮೊದಲ ಗೆರೆಯನ್ನು ನಮಗೆ ಕಳುಹಿಸಿರಿ.