ಹೊರೆ ಹೊತ್ತವರ ಉಸಿರು

ಪರ್ವತಾರೋಹಣದ ಚಿತ್ರಗಳಲ್ಲಿ ನಾವು ಸಾಮಾನ್ಯವಾಗಿ ಕಾಣುವುದು ಶಿಖರದ ಮೇಲೆ ಧ್ವಜ ಹಿಡಿದು ನಿಂತವರ ಮುಖವನ್ನು. ಆಸ್ಟ್ರೇಲಿಯಾದ ಸಾಕ್ಷ್ಯಚಿತ್ರ ನಿರ್ದೇಶಕಿ ಜೆನಿಫರ್ ಪೀಡಮ್ ಅವರ ‘ಶೆರ್ಪಾ’ (2015) ಹಾಗಲ್ಲ. ಡೇರೆ, ಹಗ್ಗ, ಆಮ್ಲಜನಕದ ಸಿಲಿಂಡರುಗಳನ್ನು ಬೆನ್ನ ಮೇಲೆ ಹೊತ್ತು ಸಾಗಿಸಿದವರನ್ನು ಅದು ತೋರಿಸುತ್ತದೆ. ಆರೋಗ್ಯದ ಪುಟದಲ್ಲಿ ಚಲನಚಿತ್ರದ ಮಾತೇಕೆಂದು ಸದ್ಭಕ್ತರು ಕೇಳಬಹುದು. ಕಾರಣವಿದೆ.

2014ರ ಋತುವನ್ನು ಶೆರ್ಪಾಗಳ ಕಣ್ಣಿನಿಂದ ಚಿತ್ರಿಸಲೆಂದು ಆ ತಂಡ ಎವರೆಸ್ಟಿನ ಬುಡದಲ್ಲಿ ಬೀಡುಬಿಟ್ಟಿತ್ತು. ಏಪ್ರಿಲ್ 18ರ ಮುಂಜಾನೆ ಖುಂಬು ಹಿಮನದಿಯ ಕಡಿದಾದ ಇಳಿಜಾರಿನ ಮೇಲೆ ಹಿಮಗಡ್ಡೆಯ ರಾಶಿ ಕುಸಿದು 16 ಮಂದಿ ನೇಪಾಳಿ ಕಾರ್ಮಿಕರು ಮಡಿದರು. ಬಿಸಿಲಿಗೆ ಹಿಮ ಸಡಿಲಗೊಳ್ಳುವ ಮುನ್ನ ದಾಟಬೇಕೆಂದು ಕತ್ತಲಲ್ಲೇ ಹೊರಡುವ ವಾಡಿಕೆ ಅಲ್ಲಿಯದು. ಆರೋಹಿಗಳು ಕೆಲವೇ ಸಲ ದಾಟುವ ಆ ದಾರಿಯನ್ನು ಹೊರೆ ಹೊತ್ತವರು ಮತ್ತೆ ಮತ್ತೆ ದಾಟಬೇಕು. ಮೃತರ ಕುಟುಂಬಗಳಿಗೆ ಸರ್ಕಾರ ಮೊದಲು ಘೋಷಿಸಿದ ಪರಿಹಾರ 40,000 ನೇಪಾಳಿ ರೂಪಾಯಿ. ಶೆರ್ಪಾಗಳು ಆ ವರ್ಷ ಏರಲು ಒಪ್ಪಲಿಲ್ಲ. 21 ಬಾರಿ ಶಿಖರ ಮುಟ್ಟಿದ್ದ ಫುರ್ಬಾ ತಾಶಿಯವರೂ ಮನೆಗೆ ಮರಳಿದರು. ಅವರ ನಿರಾಕರಣೆ ನ್ಯಾಯವಾದುದೆಂದೇ ನಮ್ಮ ಭಾವನೆ.

ಬೆಟ್ಟದ ಜನರ ದೇಹ ಎಂತಹ ಎತ್ತರವನ್ನಾದರೂ ತಾಳುತ್ತದೆಂಬ ನಂಬಿಕೆ ವ್ಯಾಪಕವಾಗಿದೆ. ತಲೆಮಾರುಗಳಿಂದ ಎತ್ತರದಲ್ಲೇ ಬಾಳಿದ ಶೆರ್ಪಾಗಳ ಮಟ್ಟಿಗೆ ಅದು ಅರ್ಧ ಸತ್ಯ. ಆದರೆ ಹೊರೆಯಾಳುಗಳಲ್ಲಿ ಅನೇಕರು ತಗ್ಗಿನ ಹಳ್ಳಿಗಳಿಂದ ಬಂದವರು. ನಮಗೆ ಬರುವ ಎತ್ತರದ ಕಾಯಿಲೆ ಅವರಿಗೂ ಬರುತ್ತದೆ. ನಾವು ಹೇಳಿಕೊಳ್ಳುತ್ತೇವೆ, ಅವರು ಕೂಲಿ ತಪ್ಪೀತೆಂದು ಹೇಳುವುದಿಲ್ಲ, ಅಷ್ಟೇ ವ್ಯತ್ಯಾಸ.

ಕೇದಾರನಾಥಕ್ಕೆ ಹೋಗುವ ನಮ್ಮ ಭಕ್ತರಿಗೆ ಇದು ದೂರದ ವಿಷಯವಲ್ಲ. ಸುಮಾರು 2,000 ಮೀಟರ್ ಎತ್ತರದ ಗೌರಿಕುಂಡದಿಂದ 3,583 ಮೀಟರಿಗೆ ಒಂದೇ ದಿನದಲ್ಲಿ ಏರುತ್ತೇವೆ. 3,000 ಮೀಟರಿನ ಮೇಲೆ, ಮಲಗುವ ಎತ್ತರವನ್ನು ದಿನಕ್ಕೆ 500 ಮೀಟರಿಗಿಂತ ಹೆಚ್ಚಿಸಬಾರದೆಂಬುದು ವೈದ್ಯರ ಸಲಹೆ. ಹೆಲಿಕಾಪ್ಟರಿನಲ್ಲಿ ಹೋದವರ ದೇಹಕ್ಕಂತೂ ಹೊಂದಿಕೊಳ್ಳಲು ಸಮಯವೇ ಇಲ್ಲ. ಶ್ರಮವಿಲ್ಲದ ಪ್ರಯಾಣವೆಂದರೆ ಅಪಾಯವಿಲ್ಲದ ಪ್ರಯಾಣವೆಂದು ಭ್ರಮಿಸುವವರು ಬಹಳ. ತಲೆನೋವು, ವಾಕರಿಕೆ, ತಲೆಸುತ್ತು ಕಂಡರೆ ಮುಂದೆ ಏರದೆ ನಿಲ್ಲಬೇಕು. ಕುಳಿತಲ್ಲಿಯೂ ಏದುಸಿರು, ತೂರಾಡುವ ನಡಿಗೆ, ಮಾತಿನಲ್ಲಿ ಗೊಂದಲ ಕಂಡರೆ ರಾತ್ರಿಯಾದರೂ ಸರಿ, ಒಡನೆಯೇ ಕೆಳಗಿಳಿಸಬೇಕು. ದರ್ಶನವಾಗಲೆಂದು ಕಾಯುವಂತಿಲ್ಲ.

ನಡೆಯಲಾಗದ ಹಿರಿಯರನ್ನು ಅಲ್ಲಿ ಬುಟ್ಟಿಯಲ್ಲಿ ಕೂರಿಸಿ ಬೆನ್ನ ಮೇಲೆ ಹೊತ್ತೊಯ್ಯುತ್ತಾರೆ. ಕೂಲಿ ಚೌಕಾಸಿ ಮಾಡುವ ಮೊದಲು ಆತ ಕೆಮ್ಮುತ್ತಿದ್ದಾನೆಯೇ, ಬೆಚ್ಚನೆಯ ಬಟ್ಟೆ ಉಟ್ಟಿದ್ದಾನೆಯೇ ಎಂದು ನೋಡೋಣ. ದಾರಿಯ ಚಹಾದಂಗಡಿಯಲ್ಲಿ ನಾವು ಕುಳಿತಷ್ಟು ಹೊತ್ತು ಆತನೂ ಕುಳಿತು ಬಿಸಿಯಾಗಿ ಉಣ್ಣಲಿ. ಆತ ಸೋತರೆ ಒಪ್ಪಿದ ಕೂಲಿಯನ್ನು ಪೂರ್ತಿ ಕೊಟ್ಟು, ಜೊತೆಗೊಬ್ಬರನ್ನು ಮಾಡಿ ಕೆಳಗೆ ಕಳುಹಿಸೋಣ.