ಈ ಕತ್ತರಿಗೆ ಯಾರ ಅಪ್ಪಣೆ?

ಸೆನ್ಸಾರಿನವರು ನಮ್ಮ ಹೀರೋನ ಒಂದು ಫೈಟು ಕತ್ತರಿಸಿದರೆ ನಾವು ಸುಮ್ಮನಿರ್ತೀವಾ ಗೆಳೆಯರೇ? ಟಾಕೀಸಿನಲ್ಲಿ ಸೀಟು ಬಡಿದು ಗಲಾಟೆ ಎಬ್ಬಿಸ್ತೀವಿ. ಆದರೆ ಮಾತೇ ಬಾರದ ಹಸುಗೂಸಿನ ಮೈಮೇಲೆ ಕತ್ತರಿ ಆಡಿದರೆ ಕೇಳೋರು ಯಾರು? ಈ ವಾರ ಗಾಸಿಪ್ ಬದಿಗಿಟ್ಟು ಆ ಮಾತು ಆಡೋಣ.

ಕೆಲವು ಮಕ್ಕಳು ಹುಟ್ಟುವಾಗಲೇ ಗಂಡು, ಹೆಣ್ಣು ಎಂಬ ಎರಡೇ ಖಾನೆಗೆ ಪೂರ್ತಿ ಹೊಂದುವುದಿಲ್ಲ. ಅಂಗವೋ, ಒಳಗಿನ ಗ್ರಂಥಿಯೋ, ವರ್ಣತಂತುವೋ ಬೇರೆ ರೀತಿ ಇರುತ್ತದೆ. ಇದಕ್ಕೆ ಇಂಟರ್‌ಸೆಕ್ಸ್ ಅಂತಾರೆ. ಕೆಲವರಿಗೆ ಹರೆಯ ಬಂದಾಗ ತಿಳಿಯುತ್ತೆ, ಕೆಲವರಿಗೆ ಜೀವಮಾನವಿಡೀ ತಿಳಿಯೋದೇ ಇಲ್ಲ. 'ಸಂಚಾರಿ ವಿಜಯ್‌ಗೆ ರಾಷ್ಟ್ರಪ್ರಶಸ್ತಿ ತಂದ "ನಾನು ಅವನಲ್ಲ ಅವಳು" ಚಿತ್ರದ ಕಥೆ ತಾನೇ?' ಅಂತೀರಾ? ಅಲ್ಲ ಸ್ವಾಮಿ. ಅಲ್ಲಿದ್ದದ್ದು ಮನಸ್ಸು ಗುರುತಿಸಿಕೊಂಡ ಲಿಂಗದ ಮಾತು. ಇದು ಹುಟ್ಟಿನಿಂದ ಬಂದ ಮೈಯ ಮಾತು.

ಕಂಚಿಯಲ್ಲಿ ಅವಮಾನವಾಯಿತೆಂದು ಮಯೂರಶರ್ಮ ಕತ್ತಿ ಹಿಡಿದ ಕಥೆ ನಮ್ಮ ತಾಳಗುಂದದ ಕಂಬದ ಶಾಸನದಲ್ಲೇ ಇದೆ. 1975ರ 'ಮಯೂರ'ದಲ್ಲಿ ಅಣ್ಣಾವ್ರು ಸಿಡಿದೇಳುವುದಕ್ಕೆ ಇವತ್ತಿಗೂ ಸಿಳ್ಳೆ ಹೊಡೀತೀವಿ. ಅದೇ ತಮಿಳು ನೆಲದ ಶಾಂತಿ ಸೌಂದರರಾಜನ್‌ಗೆ ಆದ ಅವಮಾನ ಕೇಳಿ. ಇಟ್ಟಿಗೆ ಗೂಡಿನ ಕೂಲಿಯವರ ಮಗಳು. 2006ರ ದೋಹಾ ಏಷ್ಯನ್ ಗೇಮ್ಸ್‌ನಲ್ಲಿ 800 ಮೀಟರ್ ಓಡಿ ಬೆಳ್ಳಿ ಗೆದ್ದಳು. ಲಿಂಗ ಪರೀಕ್ಷೆ ಮಾಡಿ ಪದಕ ಕಿತ್ತುಕೊಂಡರು! ಓಡಿದ್ದು ಅವಳ ಕಾಲು, ತಪ್ಪೇನು ಮಾಡಿದ್ದಳು?

ಒಡಿಶಾದ ನೇಕಾರರ ಮನೆಯ ದ್ಯುತಿ ಚಂದ್‌ಳನ್ನು 2014ರಲ್ಲಿ ಹಾರ್ಮೋನು ಜಾಸ್ತಿ ಅಂತ ಕಾಮನ್‌ವೆಲ್ತ್ ತಂಡದಿಂದ ಕೈಬಿಟ್ಟರು. ಹಾರ್ಮೋನು ತಗ್ಗಿಸಿಕೊಂಡರೆ ಮಾತ್ರ ಓಟ ಅನ್ನೋದು ನಿಯಮ. ಆಕೆ ಒಪ್ಪಲಿಲ್ಲ. ಅಂತರರಾಷ್ಟ್ರೀಯ ಕ್ರೀಡಾ ನ್ಯಾಯಾಲಯಕ್ಕೆ ಹೋದಳು. 2015ರಲ್ಲಿ ಆ ನಿಯಮಕ್ಕೇ ತಡೆ ಬಿತ್ತು. 2018ರ ಜಕಾರ್ತ ಏಷ್ಯನ್ ಗೇಮ್ಸ್‌ನಲ್ಲಿ ಎರಡು ಬೆಳ್ಳಿ! ಇಂಥದೇ ಕಥೆಯ ಹಿಂದಿ ಚಿತ್ರ 'ರಶ್ಮಿ ರಾಕೆಟ್' 2021ರಲ್ಲಿ ಬಂತು.

ದ್ಯುತಿಗೆ 'ಒಲ್ಲೆ' ಅನ್ನಲು ಬಾಯಿತ್ತು. ತೊಟ್ಟಿಲ ಕೂಸಿಗೆ? 'ಜನ ಏನಂತಾರೋ' ಅಂತ ಹೆದರಿದ ಅಪ್ಪ ಅಮ್ಮ ಸೈನ್ ಹಾಕ್ತಾರೆ, ಮಗುವನ್ನು 'ಸರಿ' ಮಾಡಲು ಆಪರೇಷನ್ ನಡೆಯುತ್ತೆ. ದೊಡ್ಡದಾದ ಮೇಲೆ ಸ್ಪರ್ಶವಿಲ್ಲ, ನೋವು ಹೋಗಲ್ಲ, ಒಮ್ಮೊಮ್ಮೆ ಸಂತಾನವೂ ಇಲ್ಲ. ಸಿನಿಮಾದಲ್ಲಿ ಕತ್ತರಿಸಿದ ಸೀನಿಗೆ ನೆಗೆಟಿವ್ ಇರುತ್ತೆ. ಮೈಗೆ ನೆಗೆಟಿವ್ ಎಲ್ಲಿದೆ?

ಹಾಗಂತ ಡಾಕ್ಟರೇ ಬೇಡ ಅಂತಲ್ಲ. ಮೈಯಲ್ಲಿ ಉಪ್ಪಿನಂಶ ನಿಲ್ಲದ ಕೂಸಿಗೆ ತಡಮಾಡದೆ ಔಷಧಿ ಬೇಕು, ಮೂತ್ರ ಕಟ್ಟಿದರೆ ಚಿಕಿತ್ಸೆ ಬೇಕು. ಅದು ಜೀವ ಉಳಿಸೋದು. ನೋಡೋರ ಕಣ್ಣಿಗೆ ಚೆಂದ ಕಾಣಲಿ ಅಂತ ಕೊಯ್ಯೋದು ಬೇರೆ.

2019ರ ಏಪ್ರಿಲ್‌ನಲ್ಲಿ ಮದ್ರಾಸ್ ಹೈಕೋರ್ಟು ಇಂಥ ಆಪರೇಷನ್ ನಿಲ್ಲಿಸಿ ಅಂತ ಹೇಳಿತು. ಅದೇ ಆಗಸ್ಟ್‌ನಲ್ಲಿ ತಮಿಳುನಾಡು ಸರ್ಕಾರ, ಪ್ರಾಣಾಪಾಯ ಇದ್ದರೆ ಬಿಟ್ಟು, ದೇಶದಲ್ಲೇ ಮೊದಲು ನಿಷೇಧ ಹಾಕಿತು. ಪ್ರತಿ ರಾಜ್ಯದಲ್ಲೂ ಇದು ಬರಬೇಕು.

ಪರದೆ ಮೇಲೆ 'ಗಂಡೋ ಹೆಣ್ಣೋ' ಕಾಮಿಡಿಗೆ ನಕ್ಕುಬಿಡೋ ನಾವೂ ನಾಳೆ ಅಪ್ಪಂದಿರಾಗೋರೇ. ನಮ್ಮೆದುರು ಆ ಫಾರಂ ಬಂದರೆ ಪೆನ್ನು ಮುಟ್ಟೋ ಮುಂಚೆ ಎರಡು ಪ್ರಶ್ನೆ ಕೇಳಿ: ಇದು ಜೀವಕ್ಕೆ ಬೇಕೇಬೇಕಾ? ಮಗು ದೊಡ್ಡದಾಗಿ ತಾನೇ ಹೇಳೋವರೆಗೆ ಕಾಯೋಕಾಗಲ್ವಾ?