ಇಂಜಿನ್ ಕೊಂಡರೆ ಸಾಲದು, ಬಿಚ್ಚಿ ನೋಡುವ ಹಕ್ಕೂ ಬೇಕು

ಶ್ರೀಹರಿಕೋಟಾದಿಂದ ರಾಕೆಟ್ ಹಾರಿದ ದಿನ ನಮ್ಮ ಕಡೆಯ ವಾಟ್ಸಾಪ್ ಗ್ರೂಪುಗಳಲ್ಲಿ ಎರಡು ನಮೂನೆಯ ಮೆಸೇಜ್ ಓಡಾಡುತ್ತವೆ. ಒಂದು, 'ಎಲ್ಲಾ ಸ್ವದೇಶಿ, ಜಗತ್ತೇ ಬೆರಗು' ಅನ್ನೋದು. ಇನ್ನೊಂದು, 'ಊರಿಗೆ ಕುಡಿಯೋ ನೀರು ಸರಿಯಾಗಿ ಬರೋದಿಲ್ಲ, ಚಂದ್ರನ ಮ್ಯಾಲೆ ಏನು ಕೆಲಸ?' ಅನ್ನೋದು. ಎರಡೂ ತಪ್ಪು. ಮೊದಲನೆಯದು ಪೂರ್ತಿ ನಿಜ ಅಲ್ಲ. ಎರಡನೆಯದು ನಮ್ಮ ಹೊಲಕ್ಕೂ ರಾಕೆಟ್ಟಿಗೂ ಇರುವ ಸಂಬಂಧವನ್ನೇ ಮರೆತು ಕೇಳಿದ ಪ್ರಶ್ನೆ.

ಆ ಸಂಬಂಧ ಏನು ಅಂತ ಮೊದಲು ಹೇಳುತ್ತೇನೆ. ಸೇಡಂ, ಚಿತ್ತಾಪುರ, ಚಿಂಚೋಳಿಯ ತೊಗರಿ ಹೂವಿಗೆ ಬಂದಾಗ ಮೋಡ ಕವಿದರೆ ರೈತನ ಎದೆ ಧಸಕ್ ಅನ್ನುತ್ತದೆ, ಕಾಯಿಕೊರಕದ ಭಯ. ಆಗ ಫೋನಿನಲ್ಲಿ ಮೇಘದೂತ ಆ್ಯಪ್ ತೆಗೆದು ನೋಡುತ್ತೇವೆ. ಆ ಮುನ್ಸೂಚನೆಯ ಹಿಂದೆ ಇರುವ ಮೋಡದ ಚಿತ್ರ ಇನ್ಸ್ಯಾಟ್ ಉಪಗ್ರಹಗಳದ್ದು. 2013ರ ಜುಲೈ 26ರಂದು ಇನ್ಸ್ಯಾಟ್-3ಡಿ ಮೇಲೇರಿದ್ದು ನಮ್ಮ ನೆಲದಿಂದ ಅಲ್ಲ. ದಕ್ಷಿಣ ಅಮೆರಿಕದ ಫ್ರೆಂಚ್ ಗಯಾನಾಕ್ಕೆ ಅದನ್ನು ಒಯ್ದು, ಬಾಡಿಗೆ ಕೊಟ್ಟು, ಏರಿಯಾನ್ ರಾಕೆಟ್ಟಿನಲ್ಲಿ ಹಾರಿಸಬೇಕಾಯಿತು. ಅದರ ತಮ್ಮ ಇನ್ಸ್ಯಾಟ್-3ಡಿಆರ್ 2016ರ ಸೆಪ್ಟೆಂಬರ್ 8ರಂದು ಶ್ರೀಹರಿಕೋಟಾದಿಂದಲೇ, ನಮ್ಮ ಜಿಎಸ್ಎಲ್‌ವಿ ರಾಕೆಟ್ಟಿನಲ್ಲಿ ಹೋಯಿತು. ಈ ಮೂರು ವರ್ಷದ ನಡುವೆ ಬದಲಾಗಿದ್ದು ಒಂದೇ: ಒಂದು ಇಂಜಿನ್ ನಮ್ಮದಾಯಿತು.

ಅದರ ಹೆಸರು ಕ್ರಯೋಜೆನಿಕ್ ಇಂಜಿನ್. ಮೈನಸ್ 253 ಡಿಗ್ರಿಯಲ್ಲಿ ದ್ರವವಾಗುವ ಹೈಡ್ರೋಜನ್, ಮೈನಸ್ 183 ಡಿಗ್ರಿಯ ಆಕ್ಸಿಜನ್. ಎರಡನ್ನೂ ನಿಮಿಷಕ್ಕೆ 40 ಸಾವಿರ ಸುತ್ತು ಮೀರಿ ತಿರುಗುವ ಪಂಪಿನಿಂದ ಎಳೆದು ಉರಿಸಬೇಕು. ಒಂದು ಕಡೆ ಮಂಜುಗಡ್ಡೆಗಿಂತ ಎಷ್ಟೋ ಪಾಲು ತಂಪು, ಪಕ್ಕದಲ್ಲೇ ಕಬ್ಬಿಣ ಕರಗುವಂಥ ಬೆಂಕಿ. ಭಾರದ ಉಪಗ್ರಹವನ್ನು 36 ಸಾವಿರ ಕಿಲೋಮೀಟರ್ ಎತ್ತರದ ಕಡೆಗೆ ತಳ್ಳಲು ಇಂಥ ಇಂಜಿನ್ ಬೇಕು.

1991ರಲ್ಲಿ ಇಸ್ರೋ ಇದನ್ನು ರಷ್ಯಾದ ಗ್ಲಾವ್‌ಕಾಸ್ಮಾಸ್‌ನಿಂದ ಕೊಳ್ಳಲು ಒಪ್ಪಂದ ಮಾಡಿಕೊಂಡಿತು. ಆಗ ಇಸ್ರೋ ಅಧ್ಯಕ್ಷರು ನಮ್ಮ ಉಡುಪಿ ಕಡೆಯ ಯು.ಆರ್. ರಾವ್. ಒಪ್ಪಂದದಲ್ಲಿ ಇಂಜಿನ್ ಅಷ್ಟೇ ಅಲ್ಲ, ಮಾಡುವ ವಿದ್ಯೆಯೂ ಇತ್ತು. ಅಲ್ಲೇ ಅಮೆರಿಕಕ್ಕೆ ಮುಳ್ಳು ಚುಚ್ಚಿತು. ಇದರಿಂದ ಕ್ಷಿಪಣಿ ಮಾಡುತ್ತಾರೆ ಅಂತ 1992ರ ಮೇ ತಿಂಗಳಲ್ಲಿ ಇಸ್ರೋ ಮೇಲೂ ರಷ್ಯಾದ ಸಂಸ್ಥೆಯ ಮೇಲೂ ನಿರ್ಬಂಧ ಹಾಕಿತು. ತುಂಬಿಟ್ಟರೆ ಆವಿಯಾಗಿ ಹೋಗುವ ಇಂಧನದಿಂದ ಯಾವ ಸೇನೆ ಕ್ಷಿಪಣಿ ಮಾಡುತ್ತದೆ? ಯುದ್ಧ ಬಂದಾಗ ಟ್ಯಾಂಕ್ ತುಂಬುತ್ತ ಕೂತಿರುತ್ತದೇನು? ಅದಕ್ಕಿಂತ ಮುಂಚೆ ಇದೇ ಇಂಜಿನ್ ಮಾರಲು ಅಮೆರಿಕದ ಕಂಪನಿಯೊಂದು ತಾನೇ ಮುಂದೆ ಬಂದಿತ್ತು, ಹೆಚ್ಚಿನ ರೇಟಿಗೆ. ಅಂದರೆ ಸಿಟ್ಟು ಇಂಜಿನ್ನಿನ ಮೇಲೆ ಅಲ್ಲ, ನಾವು ಕಲಿತುಬಿಡುತ್ತೇವೆ ಅನ್ನುವುದರ ಮೇಲೆ.

1993ರಲ್ಲಿ ರಷ್ಯಾ ಮಾತು ಬದಲಿಸಿತು. ವಿದ್ಯೆ ಇಲ್ಲ, ತಯಾರಾದ ಇಂಜಿನ್ ಬೇಕಾದರೆ ಒಯ್ಯಿರಿ ಅಂತ. ಕೊನೆಗೆ ಸಿಕ್ಕಿದ್ದು ಏಳು.

ಮುಂಗಾರಿನಲ್ಲಿ ಬಾಡಿಗೆ ಟ್ರ್ಯಾಕ್ಟರ್ ಕಾದವರಿಗೆ ಈ ಸ್ಥಿತಿ ಬಿಡಿಸಿ ಹೇಳಬೇಕಿಲ್ಲ. ಹದ ಬಂದಿರುತ್ತದೆ, ಮಾಲೀಕ 'ನಮ್ಮ ಹೊಲದ್ದು ಮುಗೀಲಿ ತಡೀರಿ' ಅನ್ನುತ್ತಾನೆ. ಬಾಡಿಗೆ ಕೊಡುವುದು ತಪ್ಪಲ್ಲ, ಎಲ್ಲರೂ ಕೊಡುತ್ತಾರೆ. ಆದರೆ ಹದ ಅವನ ಕೈಯಲ್ಲಿ ಹೋಗುತ್ತದೆ.

2001ರ ಏಪ್ರಿಲ್ 18ರಂದು ಮೊದಲ ಜಿಎಸ್ಎಲ್‌ವಿ ಹಾರಿದಾಗ ತುದಿಯಲ್ಲಿದ್ದದ್ದು ರಷ್ಯಾದ ಇಂಜಿನ್. 2010ರ ಏಪ್ರಿಲ್‌ನಲ್ಲಿ ನಮ್ಮದೇ ಇಂಜಿನ್ ಹಾಕಿ ಹಾರಿಸಿದರು, ಇಂಧನದ ಪಂಪ್ ನಿಂತು ರಾಕೆಟ್ ಸಮುದ್ರಕ್ಕೆ ಬಿತ್ತು. ಅದನ್ನು ನೋಡಿ ನಕ್ಕವರು ಬಹಳ. ಅದೇ ವರ್ಷ ಡಿಸೆಂಬರ್ 25ರಂದು ರಷ್ಯಾದ ಇಂಜಿನ್ ಇದ್ದ ರಾಕೆಟ್ಟೂ ಬಿತ್ತು ಅನ್ನೋದನ್ನು ಅವರು ಹೇಳುವುದಿಲ್ಲ. ಆ ರಷ್ಯನ್ ಹಂತದ ಕೆಳಗಿದ್ದ ಕನೆಕ್ಟರುಗಳು ಹಾರಾಟದ ನಡುವೆ ಕಿತ್ತುಬಂದು, ಕಂಪ್ಯೂಟರಿನ ಆಜ್ಞೆ ಕೆಳಗಿನ ಇಂಜಿನ್ನುಗಳಿಗೆ ತಲುಪಲಿಲ್ಲ. ನಮ್ಮದು ಬಿದ್ದಾಗ ಬಿಚ್ಚಿ, ತಿದ್ದಿ, ಮತ್ತೆ ಉರಿಸಿ ನೋಡಿದರು. 2014ರ ಜನವರಿ 5ರಂದು ಗೆದ್ದರು. 1994ರಲ್ಲಿ ಶುರು ಮಾಡಿದ ಕೆಲಸ, 20 ವರ್ಷ ಹಿಡಿಯಿತು. ಚಂದ್ರಯಾನ-3 ಅನ್ನು 2023ರಲ್ಲಿ ಒಯ್ದ ರಾಕೆಟ್ಟಿನ ತುದಿಯಲ್ಲಿದ್ದದ್ದು ಇದೇ ಕಲಿಕೆಯಿಂದ ಬಂದ ಇನ್ನೂ ದೊಡ್ಡ ಇಂಜಿನ್.

ಹಾಗಾದರೆ ಹೊರಗಿನಿಂದ ಏನೂ ತರಬಾರದಾ? ತರಬೇಕು, ತಂದಿದ್ದೇವೆ. ಪಿಎಸ್ಎಲ್‌ವಿಯ ಎರಡನೇ ಹಂತದ ವಿಕಾಸ್ ಇಂಜಿನ್ ಮೂಲದಲ್ಲಿ ಫ್ರಾನ್ಸಿನ ವೈಕಿಂಗ್. ಇದನ್ನು ಮುಚ್ಚಿಟ್ಟು 'ಎಲ್ಲಾ ಸ್ವದೇಶಿ' ಅನ್ನುವುದು ಯಾಕೆ ಅಂತ ನನಗೆ ತಿಳಿಯುವುದಿಲ್ಲ, ಯಾಕೆಂದರೆ ಆ ಕಥೆ ಹೆಮ್ಮೆ ಪಡುವಂಥದ್ದು. 1974ರ ಒಪ್ಪಂದದಲ್ಲಿ ನಾವು ಮುಖ್ಯವಾಗಿ ಕೊಟ್ಟದ್ದು ರೊಕ್ಕ ಅಲ್ಲ, ದುಡಿಮೆ. ನಮ್ಮ ಇಂಜಿನಿಯರುಗಳು ಫ್ರಾನ್ಸಿಗೆ ಹೋಗಿ, ಅವರ ಇಂಜಿನ್ ಮೇಲೆ ಅವರ ಜೊತೆ ಕೆಲಸ ಮಾಡಿ, ನಕ್ಷೆ ಅರ್ಥ ಮಾಡಿಕೊಂಡು ಬಂದರು. ನಮ್ಮ ಕಡೆ ಗ್ಯಾರೇಜಿನಲ್ಲಿ ಹುಡುಗರು ಕೆಲಸ ಕಲಿಯುವುದೂ ಹೀಗೇ ಅಲ್ಲವೇ, ಪಾನಾ ಹಿಡಿದುಕೊಂಡು, ಬೈಸಿಕೊಂಡು. ಆಮೇಲೆ ಆ ಇಂಜಿನ್ನನ್ನು ಯಾವ ನಿರ್ಬಂಧವೂ ನಮ್ಮಿಂದ ಕಿತ್ತುಕೊಳ್ಳಲಿಲ್ಲ.

'ಮಾರ್ಕೆಟ್ಟಿನಲ್ಲಿ ಸೋವಿಯಾಗಿ ಸಿಗುವುದನ್ನು 20 ವರ್ಷ ಕೂತು ಯಾಕೆ ಮಾಡಬೇಕು?' ಅನ್ನುವವರಿಗೆ ಅಮೆರಿಕವನ್ನೇ ತೋರಿಸುತ್ತೇನೆ. ನಮಗೆ ನಿರ್ಬಂಧ ಹಾಕಿದ ಅದೇ ದೇಶ, 2002ರಿಂದ ತನ್ನ ಅಟ್ಲಾಸ್-5 ರಾಕೆಟ್ಟನ್ನು ರಷ್ಯಾದ ಆರ್‌ಡಿ-180 ಇಂಜಿನ್ನಿನಿಂದ ಹಾರಿಸಿತು, ಸೇನೆಯ ಗೂಢಚಾರ ಉಪಗ್ರಹಗಳನ್ನೂ ಸೇರಿಸಿ. 2022ರಲ್ಲಿ ಉಕ್ರೇನ್ ಯುದ್ಧ ಶುರುವಾದ ಮೇಲೆ ರಷ್ಯಾ ಇಂಜಿನ್ ಕೊಡುವುದು ನಿಲ್ಲಿಸಿತು. ಬೇಕಾದರೆ ಕಸಬರಗಿ ಮೇಲೆ ಹಾರಲಿ ಅಂತ ಅಲ್ಲಿನ ಬಾಹ್ಯಾಕಾಶ ಸಂಸ್ಥೆಯ ಮುಖ್ಯಸ್ಥರು ಹಂಗಿಸಿದರು. ಅಷ್ಟು ದೊಡ್ಡ ರೊಕ್ಕದ ದೇಶಕ್ಕೇ ಈ ಮಾತು.

ಶಹಾಬಾದದವರಿಗೆ ಇದರ ರುಚಿ ಸ್ವಲ್ಪ ಗೊತ್ತಿದೆ. ನಮ್ಮೂರ ದೊಡ್ಡ ಕಾರ್ಖಾನೆಯ ಗೇಟಿನ ಬೋರ್ಡು ಎಬಿಎಲ್ ಇದ್ದದ್ದು ಅಲ್ಸ್ಟಾಮ್ ಆಯಿತು, ಆಮೇಲೆ ಜಿಇ ಆಯಿತು. ಕೆಲಸ ಮಾಡುವ ಕೈ ಇಲ್ಲಿಯದು, ಏನು ಮಾಡಬೇಕು, ಎಷ್ಟು ದಿನ ಮಾಡಬೇಕು ಅನ್ನುವ ತೀರ್ಮಾನ ಬೇರೆ ದೇಶದ್ದು. ಅದೇ ಜಿಇ ಹೆಸರು ಬೆಂಗಳೂರಿನ ಎಚ್‌ಎಎಲ್‌ನಲ್ಲೂ ಇದೆ. ತೇಜಸ್ ಮಾರ್ಕ್-1ಎ ಯುದ್ಧವಿಮಾನಕ್ಕೆ 99 ಇಂಜಿನ್ ಬೇಕೆಂದು 2021ರಲ್ಲಿ ಆರ್ಡರ್ ಕೊಟ್ಟರು. ಮೊದಲನೆಯದು ಕೈಗೆ ಬಂದದ್ದು 2025ರ ಮಾರ್ಚಿನಲ್ಲಿ. ಬೆಂಗಳೂರಿನಲ್ಲೇ ಇರುವ ಜಿಟಿಆರ್‌ಇ 1980ರ ದಶಕದಿಂದ ಕಾವೇರಿ ಇಂಜಿನ್ ಮಾಡುತ್ತಲೇ ಇದೆ, ತೇಜಸ್‌ಗೆ ಅದು ಒದಗಲಿಲ್ಲ. ಈಗ ಇನ್ನೂ ದೊಡ್ಡ ಎಫ್-414 ಇಂಜಿನ್ ಇಲ್ಲೇ ಮಾಡುವ ಮಾತು ನಡೆದಿದೆ. ಯಾವ ಭಾಗ ನಾವು ಬಿಚ್ಚಬಹುದು, ಯಾವುದಕ್ಕೆ ಸೀಲು ಅನ್ನೋದನ್ನು ಸಹಿ ಮಾಡುವ ಮೊದಲೇ ಸಂಸತ್ತಿನಲ್ಲಿ ಹೇಳಬೇಕು.

ರಾಕೆಟ್ಟಿನಲ್ಲೂ ಬಾಡಿಗೆ ಮುಗಿದಿಲ್ಲ. 4,700 ಕಿಲೋ ತೂಕದ ಜಿಸ್ಯಾಟ್-ಎನ್2 ಉಪಗ್ರಹ 2024ರ ನವೆಂಬರಿನಲ್ಲಿ ಅಮೆರಿಕದ ಫ್ಲೋರಿಡಾದಿಂದ, ಸ್ಪೇಸ್‌ಎಕ್ಸ್ ಕಂಪನಿಯ ರಾಕೆಟ್ಟಿನಲ್ಲಿ ಹೋಯಿತು. ನಮ್ಮ ಅತಿ ದೊಡ್ಡ ರಾಕೆಟ್ಟಿಗೆ ಅಷ್ಟು ಭಾರ ಎತ್ತುವ ಶಕ್ತಿ ಕೊಡಬೇಕಾದದ್ದು ಸೀಮೆಎಣ್ಣೆ ಜಾತಿಯ ಇಂಧನ ಮತ್ತು ದ್ರವ ಆಕ್ಸಿಜನ್ ಉರಿಸುವ ಸೆಮಿ-ಕ್ರಯೋಜೆನಿಕ್ ಇಂಜಿನ್. ಕೇಂದ್ರ ಸರ್ಕಾರ ಅದಕ್ಕೆ ಒಪ್ಪಿಗೆ ಕೊಟ್ಟದ್ದು 2008ರಲ್ಲಿ. ತಮಿಳುನಾಡಿನ ಮಹೇಂದ್ರಗಿರಿಯಲ್ಲಿ ಅದರ ಮುಖ್ಯ ಭಾಗವನ್ನು ಯಶಸ್ವಿಯಾಗಿ ಉರಿಸಿ ನೋಡಿದ್ದು 2025ರ ಮಾರ್ಚಿನಲ್ಲಿ. 2008ರಲ್ಲಿ ಹುಟ್ಟಿದ ಕೂಸು ಆ ಹೊತ್ತಿಗೆ ಎಸ್ಸೆಸ್ಸೆಲ್ಸಿ ಮುಗಿಸಿ ಕಾಲೇಜಿನ ಮೆಟ್ಟಿಲು ಹತ್ತಿತ್ತು.